ಡಿಯೊಡ್ಯಾಂಡ್: ಸಾವಿಗೆ ಕಾರಣವಾದ ವಸ್ತುವಿಗೆ ಕಟ್ಟುತ್ತಿದ್ದ ಬೆಲೆ

ಅಪಘಾತದ ಸಾವಿಗೆ ಪರಿಹಾರ ಕೇಳುವ ಹಕ್ಕು ನಮ್ಮ ಕಾನೂನಿಗೆ ಹೇಗೆ ಬಂತು ಎಂದು ಹಿಂದಕ್ಕೆ ಓದುತ್ತ ಹೋಗುವ ಕಿರಿಯ ವಕೀಲರು ಒಂದು ಹಂತದಲ್ಲಿ ‘ಡಿಯೊಡ್ಯಾಂಡ್’ ಎಂಬ ಇಂಗ್ಲಿಷ್ ಪದಕ್ಕೆ ಎಡತಾಕುತ್ತಾರೆ. ಇಂದಿನ ಯಾವ ಕಾಯ್ದೆಯಲ್ಲೂ ಇಲ್ಲದ, ಇಂಗ್ಲೆಂಡಿನಲ್ಲೇ 1846ರಲ್ಲಿ ಬಳಕೆ ತಪ್ಪಿಹೋದ ಈ ಪದದ ಅರ್ಥವನ್ನು ಸಾಮಾನ್ಯ ನಿಘಂಟಿನಲ್ಲಿ ಹುಡುಕಿದರೆ ‘ದೇವರಿಗೆ ಅರ್ಪಿಸಬೇಕಾದದ್ದು’ ಎಂಬ ಒಂದು ಸಾಲು ಸಿಗುತ್ತದೆ. ಆ ಸಾಲು ತಪ್ಪಲ್ಲ, ಆದರೆ ಅದನ್ನಷ್ಟೇ ನಂಬಿ ಹೊರಟವರು ಇದನ್ನು ಹರಕೆಯೆಂದೋ ಕಾಣಿಕೆಯೆಂದೋ ತಿಳಿದು ದಾರಿ ತಪ್ಪುತ್ತಾರೆ. ಮೋಟಾರು ಅಪಘಾತ ಪರಿಹಾರದ ಅರ್ಜಿಗಳನ್ನು ನಡೆಸುವುದೇ ಮುಖ್ಯ ಕಸುಬಾಗಿರುವ ನನಗೆ ಈ ಪದದ ಮೇಲೆ ಸ್ವಲ್ಪ ಹೆಚ್ಚೇ ಆಸಕ್ತಿ ಇರುವುದರಿಂದ, ಅದು ನಿಜವಾಗಿ ಏನನ್ನು ಸೂಚಿಸುತ್ತಿತ್ತು, ಯಾರ ಬಾಯಲ್ಲಿ ಹೇಗೆ ಬಳಕೆಯಾಗುತ್ತಿತ್ತು ಎಂಬುದನ್ನು ಇಲ್ಲಿ ವಿವರಿಸುತ್ತೇನೆ.

ಪದದ ಮೂಲ ಲ್ಯಾಟಿನ್ನಿನ ‘ದೇಓ ದಂದುಮ್’, ಅಂದರೆ ‘ದೇವರಿಗೆ ಕೊಡತಕ್ಕದ್ದು’. ಕನ್ನಡದ ಕಿವಿಗೆ ಇದು ‘ದೇವದಂಡ’ ಎಂದು ಕೇಳಿಸುವುದು ಸಹಜ. ಮೊದಲರ್ಧದ ಮಟ್ಟಿಗೆ ಆ ಊಹೆ ಸರಿಯೇ, ಏಕೆಂದರೆ ಲ್ಯಾಟಿನ್ನಿನ ‘ದೇಉಸ್’ ಮತ್ತು ಸಂಸ್ಕೃತದ ‘ದೇವ’ ಒಂದೇ ಬೇರಿನ ಪದಗಳು. ಉತ್ತರಾರ್ಧದಲ್ಲಿ ಮಾತ್ರ ‘ದಂಡ’ ಇಲ್ಲ, ಅಲ್ಲಿರುವುದು ಕೊಡುವ ಅರ್ಥದ ಧಾತು. ನಮ್ಮ ‘ದಾನ’ದ ನೆಂಟ. ತಮಾಷೆಯೆಂದರೆ, ವ್ಯುತ್ಪತ್ತಿಯಲ್ಲಿ ದಾನವಾಗಿದ್ದ ಈ ಪದ ಆಚರಣೆಯಲ್ಲಿ ಬಹುಪಾಲು ದಂಡವೇ ಆಗಿತ್ತು.

ನಿಯಮ ಹೀಗಿತ್ತು. ಒಬ್ಬ ಮನುಷ್ಯನ ಆಕಸ್ಮಿಕ ಸಾವಿಗೆ ಪ್ರಾಣಿಯೋ ಜಡವಸ್ತುವೋ ಕಾರಣವಾದರೆ, ಆ ಎತ್ತು, ಕುದುರೆ, ಗಾಡಿ ಅಥವಾ ಬಿದ್ದ ಮರದ ತುಂಡು ರಾಜನಿಗೆ ಮುಟ್ಟುಗೋಲಾಗಬೇಕಿತ್ತು. ರಾಜನು ಅದನ್ನು ಧರ್ಮಕಾರ್ಯಕ್ಕೆ ವಿನಿಯೋಗಿಸಬೇಕಿತ್ತು. ಅಕಾಲ ಮರಣಗಳನ್ನು ವಿಚಾರಿಸುತ್ತಿದ್ದ ಕರೋನರ್ ಎಂಬ ಅಧಿಕಾರಿಯ ಮುಂದೆ ಊರಿನ ಜ್ಯೂರಿ ಕುಳಿತು, ಸಾವಿಗೆ ಯಾವುದು ಕಾರಣ, ಅದರ ಬೆಲೆ ಎಷ್ಟು ಎಂದು ತೀರ್ಮಾನಿಸುತ್ತಿತ್ತು. ವಸ್ತುವನ್ನೇ ಎತ್ತಿಕೊಂಡು ಹೋಗುವ ಬದಲು ಜ್ಯೂರಿ ಕಟ್ಟಿದ ಬೆಲೆಯನ್ನು ಮಾಲೀಕನಿಂದ ವಸೂಲು ಮಾಡುವುದು ರೂಢಿಯಾಯಿತು. ಎಷ್ಟೋ ಕಡೆ ಈ ವಸೂಲಿಯ ಹಕ್ಕನ್ನು ರಾಜರು ಆಯಾ ಪ್ರಾಂತದ ಜಮೀನುದಾರರಿಗೆ ಬಿಟ್ಟುಕೊಟ್ಟಿದ್ದರಿಂದ, ದೇವರ ಹೆಸರಿನ ಹಣ ಅವರ ಖಜಾನೆ ಸೇರುತ್ತಿತ್ತು.

ಹೀಗಾಗಿ ಪದಕ್ಕೆ ಎರಡು ಅರ್ಥಗಳು ಬಂದವು. ಹಳೆಯ ದಾಖಲೆಗಳಲ್ಲಿ ‘ಗಾಡಿಯೇ ಡಿಯೊಡ್ಯಾಂಡ್’ ಎಂಬ ಬಗೆಯ ಬಳಕೆ ಕಾಣುತ್ತದೆ. ಅಲ್ಲಿ ಅದು ವಸ್ತುವಿನ ಹೆಸರು. ನಂತರದ ಬಳಕೆಯಲ್ಲಿ ‘ಗಾಡಿಯ ಮೇಲೆ ಇಷ್ಟು ಪೌಂಡುಗಳ ಡಿಯೊಡ್ಯಾಂಡ್’ ಎಂದು ಬರುತ್ತದೆ. ಅಲ್ಲಿ ಅದು ಮೊತ್ತದ ಹೆಸರು. ಹತ್ತೊಂಬತ್ತನೆಯ ಶತಮಾನದ ಪತ್ರಿಕಾ ವರದಿಗಳನ್ನು ಓದುವವರು ಈ ಎರಡನೆಯ ಅರ್ಥವನ್ನೇ ಇಟ್ಟುಕೊಂಡರೆ ತೊಡಕಾಗುವುದಿಲ್ಲ. ಇನ್ನು ಕನ್ನಡಕ್ಕೆ ತರುವವರಿಗೆ ನನ್ನ ಸಲಹೆ ಸರಳ: ‘ದೇವಾರ್ಪಣ’ದಂತಹ ಪದ ಕಟ್ಟಲು ಹೋಗದೆ ಮೂಲ ಪದವನ್ನೇ ಕನ್ನಡ ಲಿಪಿಯಲ್ಲಿ ಉಳಿಸಿಕೊಂಡು ವಿವರಣೆ ಕೊಡಬೇಕು. ‘ಅರ್ಪಣ’ ಎಂದೊಡನೆ ಕೊಡುವವನ ಇಚ್ಛೆ ಒಳಗೆ ನುಸುಳುತ್ತದೆ, ಇಲ್ಲಿ ಆ ಇಚ್ಛೆಗೆ ಜಾಗವೇ ಇರಲಿಲ್ಲ.

ಮಾಲೀಕನ ತಪ್ಪಿಗೂ ಜಾಗ ಇರಲಿಲ್ಲ ಎಂಬುದು ಈ ಪದದ ತಿರುಳು. 1765ರಲ್ಲಿ ಮೊದಲ ಸಂಪುಟ ಹೊರಬಂದ ತನ್ನ ವ್ಯಾಖ್ಯಾನ ಗ್ರಂಥದಲ್ಲಿ ಇಂಗ್ಲಿಷ್ ಕಾನೂನು ಪಂಡಿತ ವಿಲಿಯಂ ಬ್ಲ್ಯಾಕ್‌ಸ್ಟೋನ್ ಇದನ್ನು ಸ್ಪಷ್ಟವಾಗಿ ಹೇಳುತ್ತಾನೆ: ನನ್ನ ಕತ್ತಿಯಿಂದ ಬೇರೊಬ್ಬ ಇನ್ನೊಬ್ಬನನ್ನು ಕೊಂದರೂ ನನ್ನ ಕತ್ತಿ ಮುಟ್ಟುಗೋಲಾಗುತ್ತದೆ. ಕೊಲೆಯ ದೋಷಾರೋಪಗಳಲ್ಲಿ ‘ಆರು ಪೆನ್ಸ್ ಬೆಲೆಯ ಚಾಕುವಿನಿಂದ ಇರಿದನು’ ಎಂದು ಆಯುಧದ ಬೆಲೆಯನ್ನೂ ಬರೆಯುತ್ತಿದ್ದುದು ಇದೇ ಕಾರಣಕ್ಕೆ. ಹಳೆಯ ಇಂಗ್ಲಿಷ್ ಕೊಲೆ ಮೊಕದ್ದಮೆಗಳ ಕಡತ ಓದುವವರಿಗೆ ಆ ಆರು ಪೆನ್ಸ್ ವಿಚಿತ್ರವಾಗಿ ಕಾಣುತ್ತದೆ. ನಮ್ಮ ಪೊಲೀಸರು ಮಹಜರಿನಲ್ಲಿ ಕಳವಾದ ಮಾಲಿನ ಅಂದಾಜು ಬೆಲೆ ನಮೂದಿಸಿದ ಹಾಗೆ ಅದೂ ಒಂದು ಲೆಕ್ಕದ ಸಲುವಾಗಿ ಇದ್ದದ್ದು.

ವಸ್ತು ಚಲಿಸುತ್ತಿತ್ತೇ ನಿಂತಿತ್ತೇ ಎಂಬ ಪ್ರಶ್ನೆಯ ಸುತ್ತ ಈ ಕಾನೂನು ಹೆಣೆದ ಸೂಕ್ಷ್ಮಗಳನ್ನು ಗಮನಿಸಬೇಕು. ನಿಂತ ಗಾಡಿಯ ಚಕ್ರ ಹತ್ತಲು ಹೋಗಿ ಜಾರಿ ಬಿದ್ದು ಒಬ್ಬ ಸತ್ತರೆ ಚಕ್ರವೊಂದೇ ಡಿಯೊಡ್ಯಾಂಡ್. ಅದೇ ಗಾಡಿ ಉರುಳುತ್ತಿರುವಾಗ ಚಕ್ರ ಮೈಮೇಲೆ ಹರಿದು ಸತ್ತರೆ ಚಕ್ರದ ಜೊತೆಗೆ ಗಾಡಿಯೂ, ಅದರಲ್ಲಿ ಹೇರಿದ ಸರಕೂ ಸೇರಿಯೇ ಡಿಯೊಡ್ಯಾಂಡ್, ಏಕೆಂದರೆ ಆ ಭಾರವೇ ಚಕ್ರದ ಒತ್ತಡವನ್ನು ಹೆಚ್ಚಿಸಿದ್ದು. ನಿಂತ ಗಾಡಿಯಿಂದಲೋ ಕುದುರೆಯಿಂದಲೋ ತಿಳಿವಳಿಕೆ ಬಾರದ ಮಗು ಬಿದ್ದು ಸತ್ತರೆ ಡಿಯೊಡ್ಯಾಂಡ್ ಇಲ್ಲ, ವಯಸ್ಕನಾದರೆ ಇದೆ. ಇದಕ್ಕೆ ಬ್ಲ್ಯಾಕ್‌ಸ್ಟೋನ್ ಕೊಡುವ ವಿವರಣೆ ಧಾರ್ಮಿಕವಾದದ್ದು. ಈ ಹಣ ಮೂಲತಃ ಹಠಾತ್ತನೆ, ಪಾಪನಿವೇದನೆಗೂ ಅವಕಾಶವಿಲ್ಲದೆ ಸತ್ತವನ ಆತ್ಮಕ್ಕಾಗಿ ಚರ್ಚಿನಲ್ಲಿ ಪೂಜೆ ಮಾಡಿಸಲೆಂದು ಹುಟ್ಟಿದ್ದು. ಮಗುವಿಗೆ ಪಾಪವೇ ಇಲ್ಲದ ಮೇಲೆ ಪ್ರಾಯಶ್ಚಿತ್ತವೇಕೆ ಎಂಬ ತರ್ಕ. ಕುದುರೆ ತಾನಾಗಿ ಒದ್ದು ಕೊಂದಾಗ, ಗಾಡಿ ಮೈಮೇಲೆ ಹರಿದಾಗ ಮಾತ್ರ ಮಗುವಿನ ಪ್ರಕರಣದಲ್ಲೂ ಮುಟ್ಟುಗೋಲು ಇತ್ತು ಎನ್ನುವಲ್ಲಿ ಆ ತರ್ಕ ಸೋರಿಹೋಗುತ್ತದೆ.

ಇದನ್ನು ಬರಿಯ ಮೂಢನಂಬಿಕೆ ಎಂದು ತಳ್ಳಿಹಾಕುವವರ ಮಾತು ನನಗೆ ಒಪ್ಪಿಗೆಯಾಗುವುದಿಲ್ಲ. ಮನೆಯ ಯಜಮಾನನನ್ನು ಕಳೆದುಕೊಂಡ ಕುಟುಂಬದವರು ನನ್ನ ಕಚೇರಿಗೆ ಬಂದಾಗ ಪರಿಹಾರದ ಮೊತ್ತ ಕೇಳುವ ಮೊದಲೇ ಎಷ್ಟೋ ಬಾರಿ ಬರುವ ಮಾತು, ‘ಸಾರ್, ಆ ಲಾರೀನ ಬಿಟ್ಟೇಬಿಟ್ಟರಂತಲ್ಲ’ ಎಂಬುದು. ಪೊಲೀಸರು ಜಪ್ತಿ ಮಾಡಿದ ವಾಹನ ಕಾನೂನಿನ ಕಣ್ಣಿಗೆ ಮುದ್ದೆಮಾಲು, ಅಂದರೆ ಸಾಕ್ಷ್ಯದ ವಸ್ತು. ಮೋಟಾರು ವಾಹನ ನಿರೀಕ್ಷಕರು ಬ್ರೇಕು, ಜಖಂ ಇತ್ಯಾದಿ ನೋಡಿ ವರದಿ ಕೊಟ್ಟ ಮೇಲೆ ಮಾಲೀಕ ಅರ್ಜಿ ಹಾಕಿ, ಬಾಂಡು ಬರೆದುಕೊಟ್ಟು ಬಿಡಿಸಿಕೊಳ್ಳುತ್ತಾನೆ. ಜಪ್ತಾದ ವಾಹನಗಳನ್ನು ಠಾಣೆಯ ಅಂಗಳದಲ್ಲಿ ತುಕ್ಕು ಹಿಡಿಯಲು ಬಿಡಬಾರದೆಂದು ಸುಪ್ರೀಂ ಕೋರ್ಟು 2002ರಲ್ಲೇ ಹೇಳಿದೆ. ಇದೆಲ್ಲ ಸರಿಯಾದ ಕಾನೂನೇ. ಆದರೆ ಗಂಡನನ್ನು ಕೊಂದ ಲಾರಿ ಮತ್ತೆ ಅದೇ ರಸ್ತೆಯಲ್ಲಿ ಓಡಾಡುವುದನ್ನು ಕಾಣುವ ಹೆಣ್ಣುಮಗಳಿಗೆ ಅದು ಮುದ್ದೆಮಾಲು ಅಲ್ಲ. ಕೊಂದ ವಸ್ತು ಏನೂ ಆಗದಂತೆ ವಾಪಸು ಹೋಗಬಾರದು ಎಂಬ ಆ ಭಾವನೆಗೆ ಇಂಗ್ಲೆಂಡಿನ ಕಾನೂನು ಶತಮಾನಗಳ ಕಾಲ ಕೊಟ್ಟಿದ್ದ ಹೆಸರೇ ಡಿಯೊಡ್ಯಾಂಡ್. ಅದರ ನಿಜವಾದ ದೋಷ ಬೇರೆಡೆ ಇತ್ತು: ಸತ್ತವನ ಮನೆಯವರಿಗೆ ಅದರಿಂದ ಒಂದು ಕಾಸೂ ಹಕ್ಕಾಗಿ ಸಿಗುತ್ತಿರಲಿಲ್ಲ.

ಹದಿನೆಂಟನೆಯ ಶತಮಾನದ ಹೊತ್ತಿಗೆ ಜ್ಯೂರಿಗಳೇ ಈ ನಿಯಮದ ಬಗ್ಗೆ ಉದಾಸೀನವಾಗಿದ್ದವು. ತಪ್ಪಿಲ್ಲದ ರೈತನ ಗಾಡಿಯನ್ನು ಕಸಿದು ಜಮೀನುದಾರನಿಗೆ ಕೊಡಿಸುವ ಉತ್ಸಾಹ ಯಾರಿಗೂ ಇರಲಿಲ್ಲವಾದ್ದರಿಂದ ಹೆಸರಿಗೆ ಒಂದು ಸಣ್ಣ ಮೊತ್ತ ಕಟ್ಟಿ ಕೈತೊಳೆದುಕೊಳ್ಳುತ್ತಿದ್ದರು. ಸಾಯುತ್ತಿದ್ದ ಪದಕ್ಕೆ ಮರುಜೀವ ಕೊಟ್ಟದ್ದು ರೈಲು. 1841ರ ಡಿಸೆಂಬರ್ 24ರ ಮುಂಜಾನೆ, ರೆಡಿಂಗ್ ಪಟ್ಟಣದ ಬಳಿಯ ಸಾನಿಂಗ್ ಎಂಬಲ್ಲಿ, ಗುಡ್ಡ ಕಡಿದು ಹಾಕಿದ ಹಳಿಯ ಮೇಲೆ ಮಳೆಗೆ ಕುಸಿದಿದ್ದ ಮಣ್ಣಿಗೆ ಗ್ರೇಟ್ ವೆಸ್ಟರ್ನ್ ರೈಲ್ವೆಯ ಸರಕು ಗಾಡಿಯೊಂದು ನುಗ್ಗಿತು. ಮೂರನೆಯ ದರ್ಜೆಯ ಪ್ರಯಾಣಿಕರನ್ನು ಎಂಜಿನ್ನಿಗೂ ಭಾರದ ಸರಕಿನ ವ್ಯಾಗನ್‌ಗಳಿಗೂ ನಡುವೆ, ತೆರೆದ ಬಂಡಿಗಳಲ್ಲಿ ಕೂರಿಸಲಾಗಿತ್ತು. ಎಂಜಿನ್ ನಿಂತಿತು, ಹಿಂದಿನ ಸರಕು ನಿಲ್ಲಲಿಲ್ಲ. ಎಂಟು ಮಂದಿ ಸ್ಥಳದಲ್ಲೇ ಸತ್ತರು, ಇನ್ನೊಬ್ಬ ಆಸ್ಪತ್ರೆಯಲ್ಲಿ ತೀರಿಕೊಂಡ. ಕ್ರಿಸ್‌ಮಸ್‌ಗೆಂದು ಊರಿಗೆ ಹೊರಟಿದ್ದ ಕಟ್ಟಡ ಕೂಲಿಗಳೇ ಆ ಬಂಡಿಗಳಲ್ಲಿ ಹೆಚ್ಚಾಗಿದ್ದರು. ಕರೋನರ್ ಜ್ಯೂರಿ ಎಂಜಿನ್ ಮತ್ತು ಬಂಡಿಗಳ ಮೇಲೆ 1000 ಪೌಂಡುಗಳ ಡಿಯೊಡ್ಯಾಂಡ್ ಹೇರಿತು.

ಆ 1000 ಪೌಂಡ್ ಎಂಜಿನ್ನಿನ ಬೆಲೆ ಎಂದು ಓದಿದರೆ ಪದದ ಆಗಿನ ಬಳಕೆ ಅರ್ಥವಾಗುವುದಿಲ್ಲ. ಕಬ್ಬಿಣಕ್ಕೆ ಬೆಲೆ ಕಟ್ಟುವ ನೆಪದಲ್ಲಿ ಜ್ಯೂರಿ ಅಳೆದದ್ದು ಕಂಪನಿಯ ಉದಾಸೀನವನ್ನು. ವಸ್ತುವಿನ ಬೆಲೆಯಷ್ಟನ್ನೇ ಹೇಳುವ ಅಧಿಕಾರ ಇದ್ದವರು ಅದರೊಳಗೆ ತಮ್ಮ ಸಿಟ್ಟನ್ನು ತುಂಬಿದರು. ಮೇಲಿನ ನ್ಯಾಯಾಲಯಗಳು ಇಂತಹ ಆದೇಶಗಳನ್ನು ತಾಂತ್ರಿಕ ಕಾರಣಗಳ ಮೇಲೆ ರದ್ದುಪಡಿಸುವುದೂ ನಡೆದೇ ಇತ್ತು. ಆದರೂ ಕಂಪನಿಗಳಿಗೆ ಇದು ತಲೆನೋವಾಯಿತು, ಏಕೆಂದರೆ ಎಂಜಿನ್ ಎಂಬುದು ರೈತನ ಗಾಡಿಯಲ್ಲ.

ಜ್ಯೂರಿಗಳು ಈ ಹಳೆಯ ಆಯುಧವನ್ನೇ ಹುಡುಕಿ ತೆಗೆಯಲು ಇನ್ನೊಂದು ಕಾರಣವಿತ್ತು. 1808ರ ‘ಬೇಕರ್ ವಿರುದ್ಧ ಬೋಲ್ಟನ್’ ಪ್ರಕರಣದಲ್ಲಿ, ಕುದುರೆ ಬಂಡಿ ಮಗುಚಿ ಗಾಯಗೊಂಡು ಸುಮಾರು ಒಂದು ತಿಂಗಳ ನಂತರ ಸತ್ತ ಹೆಂಡತಿಗಾಗಿ ಗಂಡ ದಾವೆ ಹೂಡಿದ್ದ. ಮನುಷ್ಯನ ಸಾವನ್ನು ಸಿವಿಲ್ ನ್ಯಾಯಾಲಯದಲ್ಲಿ ಹಾನಿಯೆಂದು ದೂರಲು ಬಾರದು ಎಂದು ಲಾರ್ಡ್ ಎಲೆನ್‌ಬರೋ ಹೇಳಿದರು. ಗಂಡನಿಗೆ ತನ್ನ ಗಾಯಕ್ಕೂ, ಹೆಂಡತಿ ಬದುಕಿದ್ದ ಆ ತಿಂಗಳಲ್ಲಿ ಆಕೆಯ ಸಾಂಗತ್ಯ ತಪ್ಪಿದ್ದಕ್ಕೂ ಪರಿಹಾರ ಸಿಕ್ಕಿತು, ಆಕೆ ಸತ್ತ ಕ್ಷಣದಿಂದಾಚೆಗೆ ಏನೂ ಇಲ್ಲ. ಕೈಕಾಲು ಮುರಿದರೆ ಪರಿಹಾರ ಕೊಡಬೇಕು, ಸತ್ತೇಹೋದರೆ ಬೇಡ ಎಂಬ ಸ್ಥಿತಿಯಲ್ಲಿ, ಸಾವಿಗೆ ಹಣದ ರೂಪದಲ್ಲಿ ಏನಾದರೂ ಹೇಳಲು ಉಳಿದಿದ್ದ ಕಾನೂನಿನ ಪದ ಇದೊಂದೇ.

1846ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು ಎರಡು ಕಾಯ್ದೆಗಳನ್ನು ಜೊತೆಜೊತೆಯಾಗಿ ತಂದಿತು. ಒಂದು ಡಿಯೊಡ್ಯಾಂಡನ್ನು ರದ್ದುಪಡಿಸಿತು, ಇನ್ನೊಂದು ಸತ್ತವನ ಅವಲಂಬಿತರಿಗೆ ಪರಿಹಾರ ಕೇಳುವ ಹಕ್ಕು ಕೊಟ್ಟಿತು. ಲಾರ್ಡ್ ಕ್ಯಾಂಪ್‌ಬೆಲ್ ಅವರ ಕಾಯ್ದೆ ಎಂದು ಹೆಸರಾದದ್ದು ಈ ಎರಡನೆಯದು. ಅದರ ಅಚ್ಚಿನಲ್ಲೇ ಭಾರತಕ್ಕೆ 1855ರ ಮಾರಣಾಂತಿಕ ಅಪಘಾತಗಳ ಕಾಯ್ದೆ ಬಂತು. ಅದು ಇಂದಿಗೂ ಜಾರಿಯಲ್ಲಿದೆ. ವಿದ್ಯುತ್ ತಂತಿ ತಗುಲಿ ಸತ್ತವರ, ಗೋಡೆ ಕುಸಿದು ಸತ್ತವರ ಮನೆಯವರು ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹಾಕುವಾಗ ನಾವು ಈಗಲೂ ಅದನ್ನೇ ಉಲ್ಲೇಖಿಸುತ್ತೇವೆ. ಗಂಡ, ಹೆಂಡತಿ, ತಂದೆ ತಾಯಿ, ಮಕ್ಕಳು ಇವರಿಗಷ್ಟೇ ಅದರಡಿ ಪರಿಹಾರ. ಅಣ್ಣನನ್ನು ಕಳೆದುಕೊಂಡ ತಮ್ಮನಿಗೆ ಇಲ್ಲ. ಮೋಟಾರು ವಾಹನ ಕಾಯ್ದೆ ‘ಕಾನೂನುಬದ್ಧ ಪ್ರತಿನಿಧಿಗಳು’ ಎಂಬ ವಿಶಾಲವಾದ ಮಾತನ್ನು ಬಳಸಿದ್ದರಿಂದ ರಸ್ತೆ ಅಪಘಾತಗಳ ಮಟ್ಟಿಗೆ ಆ ಕಟ್ಟು ಸಡಿಲವಾಯಿತೆಂದು ಸುಪ್ರೀಂ ಕೋರ್ಟು 1987ರಲ್ಲಿ ತೀರ್ಮಾನಿಸಿತು.

ಈಗ ಉಳಿದಿರುವುದು ಒಂದು ತಪ್ಪು ಬಳಕೆಯ ಮಾತು. ವಿಮೆಯಿಲ್ಲದ ವಾಹನದಿಂದ ಸಾವೋ ಗಾಯವೋ ಆದಾಗ, ಮಾಲೀಕ ಸಾಕಷ್ಟು ಭದ್ರತೆ ಕೊಡದ ಹೊರತು ಅದನ್ನು ಬಿಡುಗಡೆ ಮಾಡಬಾರದು, ಕೊಡದಿದ್ದರೆ ಮೂರು ತಿಂಗಳ ನಂತರ ಹರಾಜು ಹಾಕಿ ಹಣವನ್ನು ಪರಿಹಾರ ನ್ಯಾಯಮಂಡಳಿಯಲ್ಲಿ ಠೇವಣಿ ಇಡಬೇಕು ಎಂಬ ನಿಯಮವನ್ನು ಎಲ್ಲ ರಾಜ್ಯಗಳೂ ರೂಪಿಸಬೇಕೆಂದು ಸುಪ್ರೀಂ ಕೋರ್ಟು 2018ರಲ್ಲಿ ‘ಉಷಾ ದೇವಿ ವಿರುದ್ಧ ಪವನ್ ಕುಮಾರ್’ ಪ್ರಕರಣದಲ್ಲಿ ನಿರ್ದೇಶಿಸಿತು. ಇದನ್ನು ಡಿಯೊಡ್ಯಾಂಡಿನ ಪುನರ್ಜನ್ಮ ಎಂದು ಕರೆಯಲು ಯಾರಿಗಾದರೂ ಮನಸ್ಸಾಗಬಹುದು. ಮೇಲ್ನೋಟದ ಹೋಲಿಕೆ ಇರುವುದು ನಿಜ, ಆದರೆ ಪದವನ್ನು ಇಲ್ಲಿ ಅಂಟಿಸುವುದು ಸರಿಯಲ್ಲ. ಡಿಯೊಡ್ಯಾಂಡಿನಲ್ಲಿ ವಸ್ತು ಸಾವಿಗೆ ಕಾರಣವಾದದ್ದೇ ಮುಟ್ಟುಗೋಲಿಗೆ ಸಾಕಿತ್ತು, ಭದ್ರತೆ ಕೊಟ್ಟು ಬಿಡಿಸಿಕೊಳ್ಳುವ ಪ್ರಶ್ನೆಯೇ ಇರಲಿಲ್ಲ. ಇಲ್ಲಿ ವಾಹನ ಮಾಲೀಕನ ಬಾಕಿಗೆ ಆಧಾರ ಮಾತ್ರ, ವಿಮೆ ಇದ್ದರೆ ಅದರ ತಂಟೆಗೇ ಯಾರೂ ಹೋಗುವುದಿಲ್ಲ. ಅಲ್ಲಿ ಹಣ ರಾಜನಿಗೋ ಜಮೀನುದಾರನಿಗೋ ಹೋಗುತ್ತಿತ್ತು; ಇಲ್ಲಿ ನ್ಯಾಯಮಂಡಳಿಯ ತೀರ್ಪಿನಂತೆ ಅರ್ಜಿದಾರರ ಪಾಲಾಗುತ್ತದೆ.