ಪರ್ಸೆಂಟೇಜ್ ಕಾಲಿನದು, ನಷ್ಟ ದುಡಿಮೆಯದು

ಅಪಘಾತದ ಕೇಸಿನಲ್ಲಿ ಅವಾರ್ಡ್, ಅಂದರೆ ಪರಿಹಾರದ ತೀರ್ಪು, ಆದ ವಾರದೊಳಗೆ ಬಳ್ಳಾರಿಯ ನನ್ನ ವಕೀಲಿ ಆಫೀಸಿಗೆ ಬರುವ ಮಾತು ಒಂದೇ: “ಸಾರ್, ಇಲ್ಲಿ ಭಾಳ ಕಮ್ಮಿ ಕೊಟ್ಟಾರ. ಧಾರವಾಡಕ್ಕ ಹಾಕ್ರಿ, ಡಬಲ್ ಆಗ್ತೈತಂತ.”

ಹಾಕಬಹುದು. ಬಳ್ಳಾರಿ, ಕೊಪ್ಪಳದವರಿಗೆ ಹೈಕೋರ್ಟಿನ ಧಾರವಾಡ ಪೀಠ, ರಾಯಚೂರಿನವರಿಗೆ ಕಲಬುರಗಿ. ಅಪೀಲು ಹಾಕುವ ಅವಧಿ 90 ದಿನ. ತಡವಾದರೆ ಕಾರಣ ಕೊಟ್ಟು ಮನ್ನಾ ಕೇಳಬಹುದು, ಆದರೆ ಅಷ್ಟು ದಿನದ ಬಡ್ಡಿ ಕೈಬಿಡುವುದುಂಟು. ವಿಮಾ ಕಂಪನಿ ಕಟ್ಟಿದ ಹಣ ತಗೊಂಡರೆ ಅಪೀಲು ಹೋಯಿತು ಎಂದು ಹೆದರಬೇಡಿ, ಹಾಗೇನಿಲ್ಲ. ಲೋಕ ಅದಾಲತ್‌ನಲ್ಲಿ ರಾಜಿಗೆ ಸಹಿ ಹಾಕಿದವರು ಮಾತ್ರ ನನ್ನ ಹತ್ತಿರ ಬಂದು ಪ್ರಯೋಜನವಿಲ್ಲ. ಅದಕ್ಕೆ ಅಪೀಲೇ ಇಲ್ಲ.

ಎಷ್ಟು ಸಲ ಹೇಳಿದರೂ ತಲೆಗೆ ಹೋಗದ ಸಂಗತಿ ಬೇರೆ. ಹೈಕೋರ್ಟು ನಿಮ್ಮನ್ನು ಮತ್ತೆ ಕಟಕಟೆಗೆ ಕರೆದು ಕೇಳುವುದಿಲ್ಲ. ಇಲ್ಲಿ ನೀವು ಹೇಳಿದ್ದು, ಡಾಕ್ಟರು ಹೇಳಿದ್ದು, ಹಾಜರುಪಡಿಸಿದ ಕಾಗದ, ಇದೇ ಕಟ್ಟು ಅಲ್ಲಿಗೂ ಹೋಗುತ್ತದೆ. ಆ ಕಟ್ಟಿನಲ್ಲಿ ನೀವು ಏನು ಕೆಲಸ ಮಾಡುತ್ತಿದ್ದಿರಿ, ಈಗ ಅದು ಯಾಕೆ ಆಗುತ್ತಿಲ್ಲ ಎಂಬುದು ಇಲ್ಲದಿದ್ದರೆ ಧಾರವಾಡದ ವಕೀಲರು ಎಷ್ಟೇ ದೊಡ್ಡವರಾದರೂ ಕೈಚೆಲ್ಲಬೇಕಾಗುತ್ತದೆ.

ನಮ್ಮ ಜನ ಹಿಡಿದು ಕೂರುವುದು ಡಾಕ್ಟರ ಪರ್ಸೆಂಟೇಜನ್ನು. “ಕಾಲಿಗೆ 30 ಪರ್ಸೆಂಟ್ ಬರ್ದಾರ್ರಿ!” ಬರೆದಿರಬಹುದು. ಅದು ಆ ಒಂದು ಕಾಲಿನ ಲೆಕ್ಕ. ಇಡೀ ದೇಹಕ್ಕೆ ನಮ್ಮ ಕೋರ್ಟುಗಳು ಸಾಮಾನ್ಯವಾಗಿ ಮೂರರಲ್ಲೊಂದು ಪಾಲು ಹಿಡಿಯುತ್ತವೆ, ಅಂದರೆ ಶೇ 10. ಅಲ್ಲಿಗೂ ಮುಗಿಯಲಿಲ್ಲ. ದುಡಿಯುವ ಶಕ್ತಿ ಎಷ್ಟು ಹೋಯಿತು ಎಂಬುದು ಮೂರನೆಯ ಲೆಕ್ಕ, ಪರಿಹಾರ ನಿಂತಿರುವುದು ಅದರ ಮೇಲೆ. ರಾಜ್‌ಕುಮಾರ್ ವಿರುದ್ಧ ಅಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2010ರಲ್ಲೇ ಇದನ್ನು ಬಿಡಿಸಿ ಹೇಳಿದೆ: ಎಡಗೈ ಕಳೆದುಕೊಂಡ ಡ್ರೈವರ್ ಅಥವಾ ಬಡಗಿಯ ದುಡಿಮೆ ಹೆಚ್ಚುಕಡಿಮೆ ಪೂರ್ತಿ ಹೋಗಬಹುದು, ಅದೇ ಗಾಯದ ಸರ್ಕಾರಿ ಗುಮಾಸ್ತ ಕೆಲಸದಲ್ಲೇ ಮುಂದುವರಿಯಬಹುದು.

ಲೆಕ್ಕ ಹಾಕಿ ನೋಡಿ. ವಯಸ್ಸು 35, ಗುಣಕ (ವರ್ಷದ ಆದಾಯವನ್ನು ಗುಣಿಸುವ, ವಯಸ್ಸಿಗೆ ತಕ್ಕ ಸಂಖ್ಯೆ) 16. ತಿಂಗಳಿಗೆ 12,000 ರೂಪಾಯಿ ಆದಾಯ ಎಂದು ಮಾತಿಗೆ ಇಟ್ಟುಕೊಳ್ಳಿ. ಶೇ 10 ಹಿಡಿದರೆ ದುಡಿಮೆ ನಷ್ಟದ ಬಾಬತ್ತಿಗೆ 2,30,400; ಶೇ 30 ಹಿಡಿದರೆ 6,91,200. ಕಾಲು ಅದೇ, ಡಾಕ್ಟರೂ ಅವರೇ.

ಒಬ್ಬ ಟೈಲರ್ ಅಪೀಲಿಗೆಂದು ಬಂದಿದ್ದ. ಇಲ್ಲಿನ ಜೀನ್ಸ್ ಘಟಕದಲ್ಲಿ ಪವರ್ ಮಷೀನು, ಪೀಸ್ ಲೆಕ್ಕದ ಹೊಲಿಗೆ. ಬಲಗಾಲಿನ ಗಿಣ್ಣು ಬಿಗಿದು ಪೆಡಲ್ ಒತ್ತಲು ಬರುತ್ತಿರಲಿಲ್ಲ. ಅರ್ಜಿ ತೆಗೆದು ನೋಡಿದರೆ ಉದ್ಯೋಗದ ಮುಂದೆ ‘ಕೂಲಿ’ ಎಂದಿದೆ. ಪಾಟಿ ಸವಾಲಿನಲ್ಲಿ ಕಂಪನಿ ವಕೀಲರು “ಕುಂತು ಕೆಲಸ ಮಾಡಬಹುದಲ್ಲ?” ಎಂದಿದ್ದಾರೆ, ಇವನು ಹೌದು ಎಂದಿದ್ದಾನೆ. ಪಾಪ, ಸುಳ್ಳು ಹೇಳಿಲ್ಲ, ಕೂರಲಿಕ್ಕೆ ಬರುತ್ತದೆ. ಪೆಡಲ್ ಅನ್ನುವ ಮಾತು ಇಡೀ ಫೈಲಿನಲ್ಲಿ ಎಲ್ಲೂ ಇಲ್ಲ. ಅಪೀಲಿನಲ್ಲಿ ನೋವು, ಚಿಕಿತ್ಸೆಯ ಕಾಲದ ದುಡಿಮೆ ಎಂದು ಒಂದಿಷ್ಟು ಜಾಸ್ತಿ ಆಯಿತು. ಪರ್ಸೆಂಟೇಜ್ ಇದ್ದಲ್ಲೇ ಉಳಿಯಿತು. ಅವನು ನನಗೆ ಬೈಯಲಿಲ್ಲ, ಮಗಳ ನಾಮಕರಣಕ್ಕೆ ಕರೆದ. ಇಂಥವರ ಮೇಲೆ ಸಿಟ್ಟು ಮಾಡಲಿಕ್ಕೂ ಆಗುವುದಿಲ್ಲ.

ಹೊಸ ಸಾಕ್ಷ್ಯ ಕೊಡಲು ಅಪೀಲಿನಲ್ಲಿ ದಾರಿಯೇ ಇಲ್ಲ ಎಂದಲ್ಲ. ಮೊದಲೇ ಯಾಕೆ ಕೊಡಲಿಲ್ಲ ಎಂಬುದಕ್ಕೆ ಗಟ್ಟಿ ಕಾರಣ ಬೇಕು. ಒಪ್ಪಿದರೂ ಕೇಸು ಮತ್ತೆ ಬಳ್ಳಾರಿಗೇ ವಾಪಸ್ ಬರಬಹುದು, ವರ್ಷಗಳು ಹಿಡಿಯಬಹುದು. ಪ್ರತಿ ಫೈಲೂ ಬೇರೆ, ನಿಮ್ಮದಕ್ಕೆ ಹೀಗೇ ಆಗುತ್ತದೆ ಎಂದು ನಾನು ಹೇಳಲಾರೆ.

ಸಾಕ್ಷಿ ಇನ್ನೂ ನಡೆಯುತ್ತಿರುವವರಿಗೆ ಕಾಲ ಮಿಂಚಿಲ್ಲ. ಹಮಾಲಿಯಾದರೆ ಎಪಿಎಂಸಿ ಲೈಸೆನ್ಸ್, ಡ್ರೈವರಾದರೆ ಡಿಎಲ್, ಗಾರೆಯವರಾದರೆ ಕಾರ್ಮಿಕ ಕಾರ್ಡ್ ಹಾಜರುಪಡಿಸಿ. ಮೇಸ್ತ್ರಿ ಕೋರ್ಟಿಗೆ ಬರಲ್ಲ ಅಂತೀರಿ. ಸಮನ್ಸ್ ಕಳಿಸಲು ಕೇಳಿ. ಆಪರೇಷನ್ ಮಾಡಿದ ಡಾಕ್ಟರನ್ನೇ ಕರೆಸಿ, ಪರ್ಸೆಂಟೇಜ್ ಬರೆದುಕೊಡುವುದಕ್ಕೇ ಇರುವವರನ್ನು ಬೇಡ. ಮೂಟೆ ಹೊರಲು, ಪೆಡಲ್ ಒತ್ತಲು ಆಗುತ್ತದೋ ಇಲ್ಲವೋ, ಅವರ ಬಾಯಿಂದಲೇ ಬರಲಿ.

ಅವಾರ್ಡ್ ಆದವರು ಬರುವಾಗ ತೀರ್ಪಿನ ಜೊತೆ ನಿಮ್ಮ ಮತ್ತು ಡಾಕ್ಟರ ಸಾಕ್ಷ್ಯದ ನಕಲು ತನ್ನಿ. ಅದನ್ನು ಓದದೆ ಎಷ್ಟು ಜಾಸ್ತಿ ಸಿಗುತ್ತದೆ ಎಂದು ಫೋನಿನಲ್ಲಿ ಕೇಳಿದರೆ ನಾನಂತೂ ಹೇಳುವುದಿಲ್ಲ.