ಆ ರೀಲಿನಲ್ಲಿರುವುದು ಯಾವ ಗಣಿ?

ಕೆಜಿಎಫ್, ಅಂದರೆ ಕೋಲಾರದ ಚಿನ್ನದ ಗಣಿಗಳ ಮೇಲೆ ಸಾಕ್ಷ್ಯಚಿತ್ರ ಮಾಡಲು ಬಂದವರಿಗೆ ಹಳೆಯ ದೃಶ್ಯಗಳೇ ಗತಿ. ಗಣಿ 2001ರ ಫೆಬ್ರುವರಿ 28ಕ್ಕೆ ಮುಚ್ಚಿತು, ಸುರಂಗಗಳಲ್ಲಿ ನೀರು ನಿಂತಿದೆ, ಕ್ಯಾಮೆರಾ ಇಳಿಸುವ ಮಾತೇ ಇಲ್ಲ.

ಹಾಗಂತ ಫಿಲ್ಮ್ ಭಂಡಾರಗಳ ಪಟ್ಟಿಯಲ್ಲಿ ‘ಕರ್ನಾಟಕ’ ಎಂದು ಹುಡುಕಿದರೆ ಪ್ರಯೋಜನವಿಲ್ಲ. 1973ಕ್ಕೆ ಮುಂಚಿನದು ‘ಮೈಸೂರು’ ಹೆಸರಿನಡಿ ಕೂತಿರುತ್ತದೆ. ಸಾಲದ್ದಕ್ಕೆ ಕೋಲಾರದ ಈ ಗಣಿಗಳಲ್ಲೇ ಒಂದರ ಹೆಸರು ಮೈಸೂರು ಮೈನ್! ಈ ಸಿಕ್ಕು ಬಿಡಿಸಿ ಸಾಕ್ಷ್ಯಚಿತ್ರಕ್ಕೆ ಹಳೆಯ ದೃಶ್ಯ ಹುಡುಕಿಕೊಡುವವರನ್ನು ಈಗ ಆರ್ಕೈವಲ್ ಪ್ರೊಡ್ಯೂಸರ್ ಎನ್ನುತ್ತಾರೆ. ಹೆಸರು ಹೊಸದು, ಕೆಲಸ ಹಳೆಯದು. ಸೋವಿಯತ್ ರಷ್ಯಾದ ಎಸ್ಫಿರ್ ಶುಬ್ ಮೂಲೆ ಸೇರಿದ್ದ ವಾರ್ತಾಚಿತ್ರಗಳನ್ನೂ ರಾಜಮನೆತನದ ಖಾಸಗಿ ರೀಲುಗಳನ್ನೂ ಹೆಕ್ಕಿ, 1927ರಲ್ಲಿ ರೊಮಾನೊವ್ ವಂಶದ ಪತನದ ಚಿತ್ರ ಕಟ್ಟಿದರು. ಜಾರ್‌ನನ್ನು ಹೊಗಳಲು ತೆಗೆದ ದೃಶ್ಯಗಳೇ ಅವನ ವಿರುದ್ಧ ಸಾಕ್ಷಿ ನುಡಿದವು.

ನಮ್ಮಲ್ಲಿ 1948ರಲ್ಲಿ ಫಿಲ್ಮ್ಸ್ ಡಿವಿಷನ್ ಬಂತು, ಟಾಕೀಸಿನಲ್ಲಿ ಸಿನಿಮಾಕ್ಕೆ ಮೊದಲು ನ್ಯೂಸ್ ರೀಲ್ ಓಡಿತು. (ಬೀಡಿ ಸೇದಲು ಆಚೆ ಹೋಗುತ್ತಿದ್ದವರು ಏನು ಕಳೆದುಕೊಂಡೆವೆಂದು ಅಂದುಕೊಂಡಿರಲಾರರು.) 1964ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಶುರುವಾಯಿತು. ಟೀವಿ ಕಾಲದಲ್ಲಿ ಬೇರೆ ಕಾಟ: ಟೇಪ್ ದುಬಾರಿ. ಬಿಬಿಸಿಯಂಥದ್ದೇ ಹಳೆಯದನ್ನು ಅಳಿಸಿ ಅದರ ಮೇಲೆ ಹೊಸದನ್ನು ತುಂಬಿತು.

ಸಿಕ್ಕ ರೀಲು ಯಾವ ವರ್ಷದ್ದು? ಕೊಡಕ್ ಕಂಪನಿ ಫಿಲ್ಮಿನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನಗಳ ಪುಟ್ಟ ಗುರುತು ಹಾಕುತ್ತಿತ್ತು. ಅದು ಫಿಲ್ಮ್ ತಯಾರಾದ ವರ್ಷದ ಸಂಕೇತ. ಆದರೆ 20 ವರ್ಷಕ್ಕೊಮ್ಮೆ ಅದೇ ಗುರುತು ಮರಳುತ್ತಿತ್ತು. 1938ರದೋ 1958ರದೋ ಎಂದು ಅಂಚು ಹೇಳದು. ಕೆಜಿಎಫ್ ಮಟ್ಟಿಗೆ ಇದು ಸಣ್ಣ ಸಂಗತಿಯಲ್ಲ. 1956ರಲ್ಲಿ ಗಣಿಗಳು ಸರ್ಕಾರದ ವಶವಾದವು. ಇಪ್ಪತ್ತು ವರ್ಷ ತಪ್ಪಿದರೆ, ಅದಕ್ಕೆ ಮುಂಚೆ ಗಣಿ ನಡೆಸುತ್ತಿದ್ದ ಬ್ರಿಟಿಷರ ಜಾನ್ ಟೇಲರ್ ಕಂಪನಿಯ ಕೂಲಿ ಸರ್ಕಾರಿ ನೌಕರನಾಗಿಬಿಡುತ್ತಾನೆ, ಹಿನ್ನೆಲೆ ದನಿ ಹೇಳುವುದೆಲ್ಲ ಸುಳ್ಳಾಗುತ್ತದೆ. ಹಕ್ಕುಸ್ವಾಮ್ಯ ಯಾರದು, ಸೆಕೆಂಡಿಗೆ ಎಷ್ಟು ಕೊಡಬೇಕು ಎಂಬ ಲೆಕ್ಕವೂ ತಲೆಕೆಳಗು.

ಈಗ ಎಐ ಒಂದು ನಿಮಿಷದಲ್ಲಿ ‘ಹಳೆಯ’ ಗಣಿಯ ದೃಶ್ಯ ಹೆಣೆದು ಕೊಡುತ್ತದೆ. ಹಾಗಾಗಿ 2024ರಲ್ಲಿ ಅಮೆರಿಕದ ಆರ್ಕೈವಲ್ ಪ್ರೊಡ್ಯೂಸರ್‌ಗಳ ಒಕ್ಕೂಟ, ಎಐ ಬಳಸಿದ್ದರೆ ಪ್ರೇಕ್ಷಕರಿಗೆ ತಿಳಿಸಬೇಕೆಂದು ಮಾರ್ಗಸೂಚಿ ಹೊರಡಿಸಿತು. ನನಗೆ ಅದಕ್ಕಿಂತ ಹೆಚ್ಚು ಭಯ ಅಸಲಿ ರೀಲಿನ ಮೇಲೆ ಅಂಟಿಸಿದ ತಪ್ಪು ಚೀಟಿಯದು. ನಕಲಿಯನ್ನು ಜನ ಅನುಮಾನಿಸುತ್ತಾರೆ, ಚೀಟಿಯನ್ನು ಯಾರೂ ಅನುಮಾನಿಸುವುದಿಲ್ಲ.

ಕೆಜಿಎಫ್‌ನ ಮಾರಿಕುಪ್ಪಂನ ನಿವೃತ್ತ ಗಣಿ ಕಾರ್ಮಿಕರೊಬ್ಬರಿಗೆ ಲ್ಯಾಪ್‌ಟಾಪಿನಲ್ಲಿ ಒಂದು ಕ್ಲಿಪ್ ತೋರಿಸಿದ್ದೆ. ಶಿಫ್ಟ್ ಮುಗಿಸಿ ಬರುವವರ ಸಾಲು. ಚೀಟಿಯಲ್ಲಿ ‘ಚಾಂಪಿಯನ್ ರೀಫ್’ ಎಂದು ಅಲ್ಲಿನದೇ ಒಂದು ಗಣಿಯ ಹೆಸರಿತ್ತು. ಅವರು ಮುಖಗಳ ಕಡೆ ನೋಡಲೇ ಇಲ್ಲ.

“ಅಲ್ಲೇ ನಿಲ್ಸಪ್ಪ. ಹಿಂದಿರೋ ಸೈನೈಡ್ ದಿಬ್ಬ ನೋಡು. ಇದು ನಮ್ಮ ಹಿತ್ಲಿಂದ ಕಾಣ್ತಿತ್ತು. ಚಾಂಪಿಯನ್ ಎಲ್ಲಿ ಬಂತು?”

ಚಿನ್ನ ತೆಗೆದು ಉಳಿದ ಪುಡಿ ಸುರಿದಂತೆಲ್ಲ ಬೆಳೆಯುತ್ತಿದ್ದ ಆ ದಿಬ್ಬದ ಎತ್ತರ ಬೆರಳಲ್ಲಿ ಅಳೆದು, “ನಾನು ಕೆಲಸಕ್ಕೆ ಸೇರೋಕ್ ಮುಂಚಿಂದು” ಎಂದರು. ಸೇರಿದ ವರ್ಷ ಕೇಳಿ ಬರೆದುಕೊಂಡೆ.