ಮುಳುಗುವ ಹಡಗಿನ ಮೂಕಚಿತ್ರಕ್ಕೆ ಯಾವ ವೇಗ?

1918ರ ಜೂನ್ 10ರಂದು ಆಡ್ರಿಯಾಟಿಕ್ ಸಮುದ್ರದ ಪ್ರೆಮುಡಾ ದ್ವೀಪದ ಬಳಿ, ಇಟಲಿಯ ನೌಕಾಧಿಕಾರಿ ಲುಯಿಜಿ ರಿಜ್ಜೊ ಅವರ ಪುಟ್ಟ ದೋಣಿಯಿಂದ ಹೊರಟ ಎರಡು ಟಾರ್ಪಿಡೊಗಳು ಆಸ್ಟ್ರಿಯಾ-ಹಂಗೇರಿಯ ಯುದ್ಧನೌಕೆ ‘ಸೆಂಟ್ ಇಷ್ಟ್‌ವಾನ್’ಗೆ ಬಡಿದಾಗ ಬೆಳಗಿನ ಜಾವ ಸುಮಾರು ಮೂರೂವರೆ ಗಂಟೆ. ಆ ಮಬ್ಬಿನಲ್ಲಿ ಅಂದಿನ ಫಿಲ್ಮಿಗೆ ಏನೂ ದಕ್ಕುತ್ತಿರಲಿಲ್ಲ. ಒಳಗೆ ನೀರು ತುಂಬಿ ಹಡಗು ಮಗುಚುವಷ್ಟರಲ್ಲಿ ಆರು ಗಂಟೆ ದಾಟಿ ಬೆಳಕು ಹರಿದಿದ್ದರಿಂದಲೇ, ಜೊತೆಯ ನೌಕೆ ‘ಟೆಗೆಟ್‌ಹೋಫ್’ನಲ್ಲಿದ್ದ ಕ್ಯಾಮೆರಾಕ್ಕೆ ಆ ದೃಶ್ಯ ಸಿಕ್ಕಿತು.

ಇಂಥ ತುಣುಕುಗಳನ್ನು ಡಿಜಿಟಲ್ ರೂಪಕ್ಕೆ ತರುವ ನಮ್ಮ ಕೆಲಸದಲ್ಲಿ ಗೀರು, ಕಲೆಗಳಿಗಿಂತ ಹೆಚ್ಚು ಕಾಡುವುದು ವೇಗ. ಹಿಡಿಕೆಯನ್ನು ಕೈಯಿಂದ ತಿರುಗಿಸಿ ಸೆಕೆಂಡಿಗೆ 16 ಫ್ರೇಮಿನಂತೆ (ಅಂದರೆ 16 ಬಿಡಿ ಚಿತ್ರಗಳಂತೆ) ತೆಗೆದ ಒಂದು ನಿಮಿಷದ ದೃಶ್ಯವನ್ನು ಇಂದಿನ 24ರ ವೇಗದಲ್ಲಿ ಓಡಿಸಿದರೆ 40 ಸೆಕೆಂಡಿಗೇ ಮುಗಿದುಹೋಗುತ್ತದೆ. ಆಗ ಇಪ್ಪತ್ತು ಸಾವಿರ ಟನ್ನಿನ ಹಡಗು ಕಾಗದದ ದೋಣಿಯಂತೆ ಹೊರಳುತ್ತದೆ, ಅದರ ಒಡಲ ಮೇಲಿನ ನಾವಿಕರು ಗೊಂಬೆಗಳಂತೆ ಪಟಪಟನೆ ಓಡಾಡುತ್ತಾರೆ. 89 ಮಂದಿ ಸತ್ತ ದುರಂತವನ್ನು ಕಂಡು ಯಾರಿಗಾದರೂ ನಗು ಬಂದರೆ ತಪ್ಪು ನೋಡಿದವರದ್ದಲ್ಲ, ವೇಗ ನಿಗದಿ ಮಾಡಿದವರದ್ದು.

ಸರಿಯಾದ ವೇಗವನ್ನು ಕಂಡುಕೊಳ್ಳಲು ನಾನು ನೆಚ್ಚುವುದು ಬೀಳುವ ವಸ್ತುವನ್ನು. ಐದು ಮೀಟರ್ ಎತ್ತರದಿಂದ ನೀರಿಗೆ ಹಾರಿದವನು ಸುಮಾರು ಒಂದು ಸೆಕೆಂಡಿನಲ್ಲಿ ನೀರು ಮುಟ್ಟುತ್ತಾನೆ. ಅಷ್ಟರೊಳಗೆ ಎಷ್ಟು ಫ್ರೇಮುಗಳು ಕಳೆದವೋ ಅದೇ ಕ್ಯಾಮೆರಾದ ವೇಗ. ಹಡಗಿನ ಪಕ್ಕೆಯ ಮೇಲೆ ಜಾರುವವನು ಈ ಲೆಕ್ಕಕ್ಕೆ ಬರುವುದಿಲ್ಲ, ಏಕೆಂದರೆ ಉಕ್ಕಿನ ತಿಕ್ಕಾಟ ಅವನನ್ನು ನಿಧಾನಗೊಳಿಸುತ್ತದೆ. ಅಲ್ಲದೆ ಹಿಡಿಕೆ ತಿರುಗಿಸುವ ಕೈ ಯಂತ್ರವಲ್ಲವಾದ್ದರಿಂದ ಪ್ರತಿಯೊಂದು ಶಾಟ್ ಅನ್ನೂ ಬೇರೆಯಾಗಿಯೇ ಅಳೆಯಬೇಕು.

ಬಣ್ಣದ ವಿಷಯದಲ್ಲೂ ಎಚ್ಚರ ಬೇಕು. ಅಂದಿನ ಕಪ್ಪು-ಬಿಳುಪು ಫಿಲ್ಮಿಗೆ ಕೆಂಪು ಕಾಣುತ್ತಿರಲಿಲ್ಲ, ನೀಲಿ ಮಾತ್ರ ಅತಿಯಾಗಿ ಕಂಡು ಬೆಳ್ಳಗೆ ಮೂಡುತ್ತಿತ್ತು. ಹಾಗಾಗಿ ಬಿಳಿಯಾಗಿ ಕಂಡ ಆಕಾಶವನ್ನು ನೋಡಿ ಅಂದು ಮೋಡ ಕವಿದಿತ್ತೆಂದು ಬರೆಯುವಂತಿಲ್ಲ.

ಇನ್ನು ಚಿತ್ರದ ಅಲುಗಾಟ. ಕ್ಯಾಮೆರಾ ನಿಂತಿದ್ದ ಹಡಗೂ ತೂಗಾಡುತ್ತಿದ್ದುದರಿಂದ, ಅಲುಗಾಟ ತೆಗೆಯುವ ಸಾಫ್ಟ್‌ವೇರ್‌ಗೆ ಚಿತ್ರದ ನಡುವಿನ ದೊಡ್ಡ ಆಕೃತಿಯನ್ನೇ ಆಧಾರವಾಗಿ ಕೊಟ್ಟುಬಿಟ್ಟರೆ ಅದು ವಾಲುವ ಹಡಗನ್ನು ನೆಟ್ಟಗೆ ನಿಲ್ಲಿಸಿ ಸಮುದ್ರವನ್ನೇ ಓರೆ ಮಾಡುತ್ತದೆ. ಆಧಾರವಾಗಿ ಕೊಡಬೇಕಾದದ್ದು ಹಡಗಿನ ಹಿಂದೆ ಮಸುಕಾಗಿ ಕಾಣುವ ದಿಗಂತದ ಗೆರೆಯನ್ನು.